ಅಂಚೆ ಪೆಟ್ಟಿಗೆಯ ಬೆಂಕಿ

ಹರಿಯಬ್ಬೆಯಂಥ ಹಳ್ಳಿಯವನಿಗೆ ಅಂಚೆ ಪೆಟ್ಟಿಗೆಯೆಂದರೆ ಒಂದು ಬಗೆಯ ಭಕ್ತಿ. ಹಿರಿಯೂರು ದಾಟಿ ದುಡಿಯಹೋದ ಮಗನ ಸುದ್ದಿ ಬರುತ್ತಿದ್ದುದು ಅಂಚೆಯಲ್ಲೇ ತಾನೆ? ಅದಕ್ಕೇ ಎಚ್. ಎಸ್. ದೊರೆಸ್ವಾಮಿಯವರ 1942ರ ಕಥೆ ನನ್ನನ್ನು ಇಂದಿಗೂ ಕಾಡುತ್ತದೆ.

ಮಹಾಯುದ್ಧದ ನಡುವೆಯೇ 'ಭಾರತ ಬಿಟ್ಟು ತೊಲಗಿ' ಚಳವಳಿ ಎದ್ದಿತ್ತು. ದೊರೆಸ್ವಾಮಿಯವರು ಬೆಂಗಳೂರಿನ ಹೈಸ್ಕೂಲೊಂದಕ್ಕೆ ಆಗತಾನೆ ಸೇರಿದ್ದ ಮೇಷ್ಟ್ರು, ವಯಸ್ಸು 24. ಹೊರಗೆ ಪಾಠ, ಒಳಗೆ ಸಣ್ಣ ಟೈಂಬಾಂಬು! ಗೆಳೆಯರೊಡನೆ ಅಂಚೆ ಪೆಟ್ಟಿಗೆಗಳಲ್ಲೂ ಸರ್ಕಾರಿ ದಾಖಲೆ ಕೋಣೆಗಳಲ್ಲೂ ಅವನ್ನು ಇಟ್ಟು ಬರುತ್ತಿದ್ದರು. ಜನರನ್ನು ಕೊಲ್ಲುವುದಕ್ಕಲ್ಲ, ಕಾಗದಪತ್ರ ಸುಟ್ಟು ಆಡಳಿತದ ಕೈಕಾಲು ಕಟ್ಟುವುದಕ್ಕೆ.

ಜರ್ಮನರು ಹಿಡಿದಿದ್ದ ಪ್ಯಾರಿಸಿನಲ್ಲಿ ಸಮವಸ್ತ್ರ ಕಂಡರೆ ವೈರಿಯ ಗುರುತು ಸಿಕ್ಕುತ್ತಿತ್ತು. ಮೈಸೂರು ಸಂಸ್ಥಾನದಲ್ಲಿ ಹಾಗಲ್ಲ. ಗದ್ದುಗೆಯ ಮೇಲೆ ನಮ್ಮದೇ ಮಹಾರಾಜರು. ಹಿಡಿಯಬರುವ ಪೊಲೀಸಿನವನೂ ಕನ್ನಡದವನೇ.

ಪೆಟ್ಟಿಗೆಯೊಳಗಾದರೂ ಅಮಲ್ದಾರರ ಲಕೋಟೆ, ಮುದುಕಿಯೊಬ್ಬಳು ಯಾರ ಕೈಯಲ್ಲೋ ಬರೆಸಿದ ಕಾರ್ಡು, ಎಲ್ಲ ಒಂದೇ ರಾಶಿ. ಬೆಂಕಿ ವಿಳಾಸ ನೋಡಿ ಸುಡುವುದಿಲ್ಲ. ಉತ್ತರಕ್ಕಾಗಿ ಬಾಗಿಲಲ್ಲಿ ಕಾದು ಕೂತವರನ್ನು ಯಾವ ಚರಿತ್ರೆಕಾರ ಎಣಿಸಿದ್ದಾನೆ? ಹಾಗೆಂದು ಅದನ್ನು ತಪ್ಪೆನ್ನಲು ನನಗೆ ನಾಲಿಗೆ ಏಳದು. ದಡದಲ್ಲಿ ನಿಂತು ನ್ಯಾಯ ಹೇಳುವುದೇನು ಮಹಾ! ಏನೂ ಅರಿಯದವರಂತೆ ನಾಲ್ಕು ಜನರ ನಡುವೆ ಓಡಾಡಬೇಕಾಗಿದ್ದವರು ಅವರು. ಇಷ್ಟು ಮಾತ್ರ ಹೇಳಬಲ್ಲೆ: ಸ್ವಾತಂತ್ರ್ಯಕ್ಕೆ ತೆತ್ತವರ ಪಟ್ಟಿಯಲ್ಲಿ ಆ ಮುದುಕಿಗೂ ಒಂದು ಸಾಲು ಸಲ್ಲಬೇಕು.

ಡಿಸೆಂಬರಿನಲ್ಲಿ ದೊರೆಸ್ವಾಮಿಯವರು ಸಿಕ್ಕಿಬಿದ್ದರು; 14 ತಿಂಗಳು ಸೆರೆವಾಸ. ಆಮೇಲಿನ ಬಾಳು ದೀರ್ಘವಾದದ್ದು. 2021ರಲ್ಲಿ, 103 ತುಂಬಿದ ಮೇಲೆ, ತೀರಿಕೊಂಡರು. ಮುಪ್ಪಿನಲ್ಲೂ ಧರಣಿಗೆ ಬಂದು, ಎಲ್ಲರ ಕಣ್ಣಿಗೂ ಬೀಳುವಂತೆ ಕೂರುತ್ತಿದ್ದರು.