ಬೆಚ್ಚಗಿರೋಕೂ ಒಂದು ಅರ್ಜಿ

ಅಮೆರಿಕದಲ್ಲಿ ಬಡವರ ಹೀಟಿಂಗ್ ಬಿಲ್ಲಿಗೆ ಸರ್ಕಾರ ದುಡ್ಡು ಕೊಡುತ್ತೆ ಅಂದ್ರೆ ನಂಬ್ತೀರಾ? 1981ರಿಂದ ಇದೆ, ಹೆಸರು ‘ಲೈಹೀಪ್’. ಇಲ್ಲಿ ಪಿಟ್ಸ್‌ಬರ್ಗಿನಲ್ಲಿ ನಮ್ಮ ಕೆಳಗಿನ ಮನೆ ಅಜ್ಜಿಗೆ ಅರ್ಜಿ ತುಂಬಿಕೊಡಲು ಕೂತಾಗಲೇ ನನಗೂ ಗೊತ್ತಾಗಿದ್ದು. ಪಾಪ, ಗ್ಯಾಸ್ ಬಿಲ್ಲಿಗೆ ಹೆದರಿ ಮನೆಯೊಳಗೂ ಕೋಟು ಹಾಕ್ಕೊಂಡೇ ಇರ್ತಾರೆ.

ಆದಾಯದ ಪುರಾವೆ, ಇತ್ತೀಚಿನ ಬಿಲ್ಲು, ಮನೆಯಲ್ಲಿರೋ ಪ್ರತಿಯೊಬ್ಬರ ಸೋಶಿಯಲ್ ಸೆಕ್ಯುರಿಟಿ ನಂಬರು... ನಮ್ಮ ಆಫೀಸಿನ ರಿಲೀಸಿಗೂ ಇಷ್ಟುದ್ದ ಚೆಕ್‌ಲಿಸ್ಟ್ ಇಲ್ಲ :) ದುಡ್ಡು ಸಾಮಾನ್ಯವಾಗಿ ಸೀದಾ ಗ್ಯಾಸ್ ಕಂಪನಿಗೇ ಹೋಗುತ್ತೆ. ಅದಿರಲಿ. ನನಗೆ ಸಿಟ್ಟು ಬಂದಿದ್ದು ಬೇರೆ ವಿಷಯಕ್ಕೆ. ಇದು ಹಕ್ಕಲ್ಲ. ಅರ್ಹತೆ ಇದ್ರೂ, ಆ ವರ್ಷದ ಹಣ ಖಾಲಿಯಾದ್ರೆ ಮುಗೀತು. 2025ರಲ್ಲಂತೂ ವಾಷಿಂಗ್ಟನ್ನಿನ ಶಟ್‌ಡೌನ್‌ನಿಂದಾಗಿ ನವೆಂಬರಿನಲ್ಲಿ ಶುರುವಾಗಬೇಕಿದ್ದದ್ದು ಇಲ್ಲಿ ಡಿಸೆಂಬರಿಗೆ ಹೋಯ್ತು. ಚಳಿ ಮಾತ್ರ ಟೈಮಿಗೆ ಸರಿಯಾಗಿ ಬಂತು! ಗ್ಯಾಸ್ ಕಟ್ ಮಾಡ್ತೀವಿ ಅಂತ ನೋಟಿಸ್ ಬಂದವರಿಗೆ ಬೇರೆ ತುರ್ತು ನೆರವಿದೆ, 48 ಗಂಟೆಯೊಳಗೆ ಏನಾದ್ರೂ ಮಾಡಲೇಬೇಕು ಅಂತ ನಿಯಮ. ಅಲ್ಲೀತನಕ ಕಾಯಬೇಕಾ ಅನ್ನೋದು ನನ್ನ ಪ್ರಶ್ನೆ.

ಫೋನಿನಲ್ಲಿ ಅಮ್ಮನಿಗೆ ಹೇಳಿದೆ. ಮೈಸೂರಿನ ಮನೆಗೆ 2023ರಿಂದ ಗೃಹಜ್ಯೋತಿ, ಕರೆಂಟ್ ಬಿಲ್ಲು ಸೊನ್ನೆ. ಆದಾಯ ಎಷ್ಟು ಅಂತ ಯಾರೂ ಕೇಳಿಲ್ಲ. “ಅಷ್ಟು ದೊಡ್ಡ ದೇಶದಲ್ಲಿ ಹೀಗಾ?” ಅಂದ್ರು. ಮಗ ಡಾಲರಿನಲ್ಲಿ ದುಡಿಯೋ ಮನೆಗೂ ಸೊನ್ನೆ ಬಿಲ್ಲು ಬೇಕಿತ್ತಾ ಅಂತ ನಾನು ಕೇಳಲಿಲ್ಲ.