ಅರುಂಧತಿಯ ಅಳತೆ

ಹಾಡುಹಗಲಿನಲ್ಲಿ ನಕ್ಷತ್ರವನ್ನು ಕಾಣುವ ಶಕ್ತಿ ಲೋಕದಲ್ಲಿ ಮದುಮಕ್ಕಳಿಗೆ ಮಾತ್ರ ಉಂಟು. ಬಂಟವಾಳದ ಆ ಮದುವೆಯಲ್ಲಿಯೂ ಹಾಗೆಯೇ ಆಯಿತು. ನಡುಹಗಲ ಬಿಸಿಲಿನಲ್ಲಿ ಪುರೋಹಿತರು ಆಕಾಶದತ್ತ ಕೈತೋರಿಸಿ, "ಅರುಂಧತಿ ಕಂಡಳೇ?" ಎಂದು ಕೇಳಿದರು. ವಧು ಕಂಡಳೆಂದು ತಲೆಯಾಡಿಸಿದಳು. ನೆರೆದವರೆಲ್ಲ ನಕ್ಕರು.

ವಧುವಿನ ಅಜ್ಜ ಮಾತ್ರ ನಗಲಿಲ್ಲ. ಅವರು ಮೂಡಬಿದಿರೆಯಲ್ಲಿ ಬಹುಕಾಲ ಶಾಲಾಮಾಸ್ತರರಾಗಿದ್ದವರು. ವೈಶಾಖದ ರಾತ್ರಿಗಳಲ್ಲಿ ಮಕ್ಕಳನ್ನು ಅಂಗಳಕ್ಕೆ ಕರೆದು ಸಪ್ತರ್ಷಿಗಳನ್ನು ಹೆಸರು ಹಿಡಿದು ತೋರಿಸಿದವರು. "ಕತ್ತಲಾಗಲಿ, ನಿಜವಾದ ಅರುಂಧತಿಯನ್ನು ನಾನು ತೋರಿಸುತ್ತೇನೆ" ಎಂದರು. ರಾತ್ರಿ ಕಲ್ಯಾಣಮಂಟಪದ ಹೊರಗೆ ನಿಂತು ಉತ್ತರಕ್ಕೆ ಮುಖಮಾಡಿದರು. ವಸಿಷ್ಠ ಕಂಡ. ಅವನ ಮಗ್ಗುಲಲ್ಲಿ ಏನೂ ಕಾಣಲಿಲ್ಲ. ಕನ್ನಡಕವನ್ನು ಒರೆಸಿ ಮತ್ತೊಮ್ಮೆ ನೋಡಿದರು. "ಮೋಡ ಕವಿದಿದೆ" ಎಂದು ಒಳಗೆ ಬಂದುಬಿಟ್ಟರು. ಆಕಾಶದಲ್ಲಿ ಮೋಡವಿರಲಿಲ್ಲ.

ಅರುಂಧತಿಯನ್ನು ಕಾಣದವನ ಆಯುಸ್ಸು ತೀರುತ್ತ ಬಂದಿತೆಂಬುದು ಹಿಂದಿನವರ ನಂಬಿಕೆ. ಮಾಸ್ತರರು ಅದನ್ನು ತರಗತಿಯಲ್ಲಿ ನಗುತ್ತ ಹೇಳುತ್ತಿದ್ದರು. ಈಗ ನಗು ಬರಲಿಲ್ಲ. ಮೂಡಬಿದಿರೆಗೆ ಮರಳಿದ ಮೇಲೆ ರಾತ್ರಿ ಅಂಗಳಕ್ಕೆ ಇಳಿಯುವುದನ್ನೇ ಬಿಟ್ಟರು.

ಇದನ್ನು ಗಮನಿಸಿದವಳು ಕಾಲೇಜಿನಲ್ಲಿ ಭೌತಶಾಸ್ತ್ರ ಓದುತ್ತಿದ್ದ ಕಿರಿಯ ಮೊಮ್ಮಗಳು. ನಂಬಿಕೆಯ ವಿಷಯವನ್ನು ಅವಳು ಎತ್ತಲಿಲ್ಲ. ಲೆಕ್ಕದ ವಿಷಯವನ್ನು ಎತ್ತಿದಳು.

ನಕ್ಷತ್ರದ ಬೆಳಕನ್ನು ಅಳೆಯುವ ಮೊದಲ ಸಾಧನ ಮನುಷ್ಯನ ಕಣ್ಣೇ. ಕ್ರಿಸ್ತಶಕ ಎರಡನೆಯ ಶತಮಾನದ ಟಾಲೆಮಿಯ ಪಟ್ಟಿಯಲ್ಲಿ ಅತ್ಯಂತ ಪ್ರಕಾಶವುಳ್ಳವು ಒಂದನೆಯ ದರ್ಜೆಯವು. ಕಣ್ಣಿಗೆ ಕಂಡೂ ಕಾಣದಂತಿರುವವು ಆರನೆಯವು. ಅಂಕಿ ಹೆಚ್ಚಿದಂತೆಲ್ಲ ಬೆಳಕು ಕಡಿಮೆ. ಈ ಅಂದಾಜಿಗೆ 1856ರಲ್ಲಿ ಖಚಿತವಾದ ಗಣಿತವನ್ನು ಸೂಚಿಸಿದವನು ನಾರ್ಮನ್ ಪಾಗ್ಸನ್. ಐದು ದರ್ಜೆಗಳ ಅಂತರವೆಂದರೆ ಸರಿಯಾಗಿ ನೂರು ಪಟ್ಟು ಬೆಳಕು. ಒಂದು ದರ್ಜೆಗೆ ಸುಮಾರು ಎರಡೂವರೆ ಪಟ್ಟು. ಆತ 1861ರಲ್ಲಿ ಮದರಾಸಿನ ವೀಕ್ಷಣಾಲಯಕ್ಕೆ ಬಂದು, 1891ರಲ್ಲಿ ತೀರಿಕೊಳ್ಳುವವರೆಗೂ ಅಲ್ಲಿಯೇ ದುಡಿದ. ಆ ಲೆಕ್ಕದಲ್ಲಿ ಲುಬ್ಧಕನ ಅಂಕಿ ಸೊನ್ನೆಗಿಂತಲೂ ಕೆಳಗೆ, ಋಣ 1.46.

"ವಸಿಷ್ಠನದು ಸುಮಾರು 2, ಅರುಂಧತಿಯದು ಸುಮಾರು 4. ಅವನ ಬೆಳಕಿನ ಆರರಲ್ಲಿ ಒಂದು ಪಾಲು ಮಾತ್ರ ಅವಳದು, ಅಜ್ಜ. ಪೇಟೆಯ ದೀಪಗಳು ಆಕಾಶವನ್ನೇ ಬೆಳಗಿದರೆ ಮೊದಲು ಅಳಿಸಿಹೋಗುವವರು ಇಂಥ ಬಡವರೇ. ನಿಮ್ಮ ಕಣ್ಣನ್ನು ಅಳೆಯುವ ಮೊದಲು ಅಲ್ಲಿಯ ಕತ್ತಲನ್ನು ಅಳೆಯಬೇಕಲ್ಲವೇ?"

ಮಾಸ್ತರರು ಉತ್ತರ ಕೊಡಲಿಲ್ಲ. ಆದರೆ ಬೆಳ್ತಂಗಡಿಯ ಬೀಗರ ಮನೆಯಿಂದ ಔತಣದ ಕರೆ ಬಂದಾಗ ಬೇಡವೆನ್ನಲೂ ಇಲ್ಲ.

ಅಡಿಕೆತೋಟದ ನಡುವಿನ ಮನೆ. ಊಟ ಮುಗಿಯುವ ಹೊತ್ತಿಗೆ ಕರೆಂಟು ಹೋಯಿತು. ಎಲ್ಲರೂ ಅಂಗಳಕ್ಕೆ ಬಂದರು. ಉತ್ತರದಲ್ಲಿ ಗಡಾಯಿಕಲ್ಲಿನ ಕಪ್ಪು ಹೆಗಲು. ಅದರ ಮೇಲೆ ಸಪ್ತರ್ಷಿಗಳು. ಕಣ್ಣು ಕತ್ತಲಿಗೆ ಹೊಂದಿಕೊಳ್ಳಲೆಂದು ಮೊಮ್ಮಗಳು ಬಹಳ ಹೊತ್ತು ಅವರನ್ನು ಸುಮ್ಮನೆ ಕೂರಿಸಿದಳು. "ನೇರವಾಗಿ ನೋಡಬೇಡಿ ಅಜ್ಜ, ಸ್ವಲ್ಪ ಪಕ್ಕಕ್ಕೆ ನೋಡಿ. ಮಂದ ಬೆಳಕು ಕಣ್ಣಿನ ಅಂಚಿಗೆ ಚೆನ್ನಾಗಿ ತಿಳಿಯುತ್ತದೆ" ಎಂದಳು.

ಮೌನ. ತೋಟದಲ್ಲಿ ಜೀರುಂಡೆಗಳ ಸದ್ದು.

"ಕಂಡಳು" ಎಂದರು ಮಾಸ್ತರರು.

ಅದು ವಧು ಹಗಲಿನಲ್ಲಿ ಕಂಡಂತೆಯೋ, ನಿಜವಾಗಿಯೋ? ಮೊಮ್ಮಗಳು ಕೇಳಲಿಲ್ಲ. ಆದರೆ ಮರುವಾರ ಕಣ್ಣಿನ ಡಾಕ್ಟರರ ಬಳಿಗೆ ಹೋಗೋಣವೆಂದು ಅವಳು ಹೇಳಿದಾಗ, ಎರಡು ವರ್ಷದಿಂದ ಏನಾದರೊಂದು ನೆಪ ಹೇಳಿ ಮುಂದೂಡುತ್ತಿದ್ದ ಅಜ್ಜ ತಾವೇ ಮೊದಲು ಚಪ್ಪಲಿ ಮೆಟ್ಟಿ ನಿಂತಿದ್ದರು.