ನಮ್ಮ ಮೊದಲ ಟಾಕಿ ಎಲ್ಲಿ ಹೋಯ್ತು? (ಭಾಗ 4)

ಫೋಟೋದಾಗ ಇರೋದು ನಮ್ಮಜ್ಜನ ಹಾರ್ಮೋನಿಯಂ. ಮೂರು ಕೀ ಒತ್ತಿದ್ರೆ ಸದ್ದೇ ಬರಂಗಿಲ್ಲ. ಮೈಲಾರದಾಗ ಭರತ ಹುಣ್ಣಿಮೆ ಜಾತ್ರಿಗೆ ನಾಟಕ ಕಂಪನಿ ಬಂದ್ರ, ಅಜ್ಜ ಇದನ್ನ ಹೊತ್ಕೊಂಡು ಹೋಗಿ ನುಡಿಸ್ತಿದ್ದ.

ಒಂದು ಪ್ರಶ್ನೆ ಕೇಳ್ತೀನಿ. ಕನ್ನಡದ ಮೊದಲ ಟಾಕಿ ಯಾವ್ದು? ‘ಸತಿ ಸುಲೋಚನ’ ಅಂತ ಕ್ವಿಝ್ ಆಡೋರು ಥಟ್ ಅಂತ ಹೇಳ್ತೀರಿ. ಅದನ್ನ ನೋಡೀರೇನು? ನೋಡಿರಂಗಿಲ್ಲ. ಇವತ್ತು ಅದರ ಒಂದು ಪ್ರಿಂಟೂ ಉಳಿದಿಲ್ಲ.

1934ರ ಮಾರ್ಚ್ 3ಕ್ಕೆ ಬೆಂಗಳೂರಿನ ಪ್ಯಾರಮೌಂಟ್ ಟಾಕೀಸಿನಲ್ಲಿ ಬಿಡುಗಡೆ ಆತು. ದುಡ್ಡು ಹಾಕಿದವರು ಚಮನ್‌ಲಾಲ್ ಡುಂಗಾಜಿ, ನಿರ್ದೇಶನ ವೈ.ವಿ. ರಾವ್. ಆಗ ಕರ್ನಾಟಕದಾಗ ಸ್ಟುಡಿಯೋ ಎಲ್ಲಿತ್ರಿ? ಕೊಲ್ಹಾಪುರಕ್ಕೆ ಹೋಗಿ ಶೂಟಿಂಗ್ ಮಾಡಿದ್ರು. ಇಂದ್ರಜಿತು ಆದ ಸುಬ್ಬಯ್ಯ ನಾಯ್ಡು, ರಾವಣ ಆದ ಆರ್. ನಾಗೇಂದ್ರರಾಯರು, ಇಬ್ರೂ ನಾಟಕದವರು. ಮಾತು, ಹಾಡು ಬರೆದ ಬೆಳ್ಳಾವೆ ನರಹರಿ ಶಾಸ್ತ್ರಿಗಳೂ ನಾಟಕದವರೇ. ಅಂದ್ರ ಅಜ್ಜ ನುಡಿಸ್ತಿದ್ನಲ್ಲ, ಆ ಕಂಪನಿ ನಾಟಕದ ಬೇರಿನಿಂದನ ನಮ್ಮ ಸಿನಿಮಾ ಹುಟ್ಟಿದ್ದು.

ಹಂಗಾದ್ರ ರೀಲು ಏನಾದ್ವು? ಆಗಿನ ನೈಟ್ರೇಟ್ ಫಿಲ್ಮು ಬೇಗ ಹೊತ್ತಿಕೊಳ್ತಿತ್ತು, ಇಟ್ಟಲ್ಲೇ ಕೊಳೀತಿತ್ತು. ಎಷ್ಟೋ ಹಳೇ ಫಿಲ್ಮನ್ನ ಅದರೊಳಗಿನ ಬೆಳ್ಳಿಗಾಗಿ ಕರಗಿಸಿದ್ರು. ನಮ್ಮ ಬಿಕಾಂ ಭಾಷೆಯೊಳಗ ಹೇಳಬೇಕಂದ್ರ, ಓಡಿ ಮುಗಿದ ಸಿನಿಮಾಕ್ಕ ಉಳಿಯೋದು ಸ್ಕ್ರ್ಯಾಪ್ ವ್ಯಾಲ್ಯೂ ಅಷ್ಟೇ! ಪುಣೆಯಲ್ಲಿ ರಾಷ್ಟ್ರೀಯ ಫಿಲ್ಮ್ ಸಂಗ್ರಹಾಲಯ ಶುರುವಾಗಿದ್ದು 1964ಕ್ಕೆ. ಮೂವತ್ತು ವರ್ಷ ತಡ.

ಯುರೋಪಿನ ಯಹೂದಿಗಳು ಮಾತಾಡ್ತಿದ್ದ ಯಿಡ್ಡಿಷ್ ಭಾಷೆಯೊಳಗೂ ಹಿಂಗೇ ನಾಟಕದಿಂದ ಸಿನಿಮಾ ಬಂತು. 1937ರಲ್ಲಿ ಪೋಲೆಂಡಿನಲ್ಲಿ ತೆಗೆದ ‘ಡಿಬ್ಬುಕ್’ ಅಂತ ಒಂದೈತಿ, ಅದೂ ಮೊದಲು ನಾಟಕನ. ಎರಡೇ ವರ್ಷಕ್ಕ ಯುದ್ಧ ಬಂತು. ಆ ಭಾಷೆ ಆಡೋ ಲಕ್ಷಾಂತರ ಮಂದೀನ ನಾಜಿಗಳು ಕೊಂದ್ರು. ಸಿನಿಮಾ ಮಾತ್ರ ಉಳೀತು, ಈಗಲೂ ನೋಡಬಹುದು. ನಮ್ದು ಉಲ್ಟಾ. ಮಾತಾಡೋರು ಕೋಟಿಗಟ್ಟಲೆ ಇದ್ದೀವಿ, ಸಿನಿಮಾನ ಇಲ್ಲ.

ನಾನೇನು ದೊಡ್ಡ ಮನುಷ್ಯ ಅಲ್ಲ ಬಿಡ್ರಿ. ಫಸ್ಟ್ ಇಯರ್‌ನಾಗ ಅಜ್ಜನ ರಂಗಗೀತೆ ನಲವತ್ತು ನಿಮಿಷ ಫೋನಿನಾಗ ರೆಕಾರ್ಡ್ ಮಾಡಿದ್ದೆ. ಸ್ಟೋರೇಜ್ ಫುಲ್ ಅಂತ ಬಂತು. ಗೇಮ್ ಇಟ್ಕೊಂಡೆ, ಅದನ್ನ ಡಿಲೀಟ್ ಮಾಡಿದೆ. ಆಮೇಲೆ ಹಾಡಿಸಿದ್ರಾತು ಅಂದ್ಕೊಂಡಿದ್ದೆ. ಈಗ ಅಜ್ಜನಿಗೆ ಮರೆವು.

ನಿನ್ನೆ ಸಂಜಿಗೆ ಮತ್ತ ಕೂತ್ವಿ. ಫೋನ್ ಫ್ಲೈಟ್ ಮೋಡಿಗೆ ಹಾಕಿ ರೆಕಾರ್ಡ್ ಒತ್ತಿದೆ. ಎರಡು ಸಾಲು ಹಾಡಿದ, ಮೂರನೇದಕ್ಕ ನಿಂತ. ಬೆರಳು ಮಾತ್ರ ಕೀ ಮ್ಯಾಲೆ ಮುಂದ ಹೋಗ್ತಿದ್ವು.

“ಇಲ್ಲಿ ಏನೋ ಇತ್ತಲೋ ತಮ್ಮಾ” ಅಂದ.